ಜಗಳ ಏನು ಹೇಳಪ್ಪ ಮೊದಲು

ಬೇಸಿಗೆ ರಜೆಯಲ್ಲಿ ಅರಸೀಕೆರೆಯ ನಮ್ಮ ಮನೆಯಲ್ಲಿ ಸೇರಿದ್ದ ಹುಡುಗರಿಬ್ಬರು ಊಟ ನಿದ್ದೆ ಬಿಟ್ಟು ಒಂದೇ ವಿಷಯಕ್ಕೆ ಕಿತ್ತಾಡುತ್ತಿದ್ದರು. ಸೂಪರ್‌ಮ್ಯಾನ್‌ಗೂ ಡ್ರ್ಯಾಗನ್ ಬಾಲ್‌ನ ಗೋಕುಗೂ ಯುದ್ಧ ಬಿದ್ದರೆ ಗೆಲ್ಲುವವರು ಯಾರು? ಒಬ್ಬ ಗ್ರಹವನ್ನೇ ದೂಡಿದ ಲೆಕ್ಕ ತೆಗೆದರೆ ಇನ್ನೊಬ್ಬ ಬೆಳಕಿಗಿಂತ ವೇಗವಾಗಿ ಹಾರಿದ ಲೆಕ್ಕ ತೆಗೆಯುತ್ತಿದ್ದ. ಅದು ಬಗೆಹರಿಯದೆ ಹಲ್ಕ್ ಮತ್ತು ಹನುಮಂತನಿಗೆ ಬಂದು ನಿಂತಿತು. ಪಕ್ಕದ ಬೀದಿಯವರೊಬ್ಬರು ಆಗ ಜಗಲಿಯ ಮೇಲೆ ಕೂತಿದ್ದರು. ಹಗಲು ಕೊಬ್ಬರಿ ಮಂಡಿಯಲ್ಲಿ ಲೆಕ್ಕ ಬರೆಯುವವರು, ಊರಲ್ಲಿ ಕುರುಕ್ಷೇತ್ರ ನಾಟಕ ಹಿಡಿದಾಗ ಭೀಮನ ಪಾತ್ರ ಕಟ್ಟುವವರು. ಎಲ್ಲ ಕೇಳಿಸಿಕೊಂಡು, "ಅದೆಲ್ಲ ಸರಿ ಕಣ್ರಪ್ಪ, ಅವರಿಬ್ಬರಿಗೂ ಜಗಳ ಏನು ಹೇಳಿ ಮೊದ್ಲು" ಅಂದರು.

"ಜಗಳ ಏನಿಲ್ಲ ಮಾವ, ಸುಮ್ನೆ. ಯಾರು ಸ್ಟ್ರಾಂಗ್ ಅಂತ ನೋಡೋಕೆ."

"ಸುಮ್‌ಸುಮ್ನೆ ಯಾರಾದ್ರೂ ಹೊಡ್ದಾಡ್ತಾರಾ?"

ಇದನ್ನು ಹಿರಿಯರ ಉಪದೇಶ ಅಂದುಕೊಳ್ಳಬೇಕಿಲ್ಲ. ಅದು ಕಸುಬಿನ ಪ್ರಶ್ನೆ. ರಂಗದ ಮೇಲೆ ಭೀಮ ಗದೆ ಎತ್ತಬೇಕಾದರೆ ಅದಕ್ಕೂ ಮೊದಲು ದ್ರೌಪದಿಯ ಮುಡಿ ಬಿಚ್ಚಿರಬೇಕು, ದುರ್ಯೋಧನ ತೊಡೆ ತಟ್ಟಿರಬೇಕು. ಅದಿಲ್ಲದೆ ಗದೆ ಎತ್ತಿದವನನ್ನು ಜನ ಭೀಮ ಅನ್ನುವುದಿಲ್ಲ. ನಮ್ಮ ಕಡೆ ಈ ನಾಟಕಗಳಲ್ಲಿ ಪಾತ್ರ ಬೇಕಾದವರೇ ದುಡ್ಡು ಕೊಡುತ್ತಾರೆ. ಕೃಷ್ಣ, ದುರ್ಯೋಧನರಿಗೆ ರೇಟು ಹೆಚ್ಚು. ಸೋಲುವವನ ಪಾತ್ರಕ್ಕೆ ಗೆಲ್ಲುವ ಭೀಮನಿಗಿಂತ ಬೇಡಿಕೆ! ಬಲದ ಲೆಕ್ಕ ಹಾಕುವ ಹುಡುಗರಿಗೆ ಇದನ್ನು ವಿವರಿಸುವುದು ಕಷ್ಟ.

ಹಾಗೆಂದು ಸರಿಸಮ ಬಲಾಢ್ಯರನ್ನು ಎದುರುಬದುರು ನಿಲ್ಲಿಸುವ ಚಪಲ ನಮ್ಮ ಕಥೆಗಾರರಿಗೆ ಇರಲಿಲ್ಲವೆಂದಲ್ಲ. ವ್ಯಾಸರ ಭಾರತದಲ್ಲಿ ಕೃಷ್ಣನೂ ಅರ್ಜುನನೂ ಒಬ್ಬರ ಮೇಲೊಬ್ಬರು ಬಿಲ್ಲೆತ್ತುವುದಿಲ್ಲ, ವಾಲ್ಮೀಕಿಯ ರಾಮ ಹನುಮಂತನ ಮೇಲೆ ಬಾಣ ಬಿಡುವುದಿಲ್ಲ. ಆದರೂ ಯಕ್ಷಗಾನದಲ್ಲಿ ಕೃಷ್ಣಾರ್ಜುನ ಕಾಳಗ ಇದೆ. ನಾಟಕದಲ್ಲಿ ರಾಮಾಂಜನೇಯ ಯುದ್ಧ ಇದೆ. 1963ರಲ್ಲಿ ಅದು ಸಿನಿಮಾ ಆದಾಗ ರಾಜಕುಮಾರ್ ರಾಮನಾದರು, ಉದಯಕುಮಾರ್ ಆಂಜನೇಯ. ಮೂಲದಲ್ಲಿ ಇಲ್ಲದ ಯುದ್ಧವನ್ನು ಹುಟ್ಟಿಸಿದ್ದೇ ನೋಡುವವರ ಆಸೆ. ಆದರೆ ಅದನ್ನು ಹುಟ್ಟಿಸಿದ ಬಗೆ ನೋಡಿ. ಗಯನೆಂಬ ಗಂಧರ್ವ ಆಕಾಶದಲ್ಲಿ ಹೋಗುತ್ತ ಉಗಿದ ತಾಂಬೂಲ ಅರ್ಘ್ಯ ಬಿಡುತ್ತಿದ್ದ ಕೃಷ್ಣನ ಬೊಗಸೆಗೆ ಬೀಳುತ್ತದೆ. ಕೊಲ್ಲದೆ ಬಿಡೆನೆಂದು ಕೃಷ್ಣನ ಶಪಥ. ಜೀವಭಯದಿಂದ ಓಡಿದ ಗಯ, ಯಾರ ಭಯ ಎಂಬುದನ್ನು ಮುಚ್ಚಿಟ್ಟು ಅರ್ಜುನನಿಂದ ಅಭಯ ಪಡೆಯುತ್ತಾನೆ. ಹೆಸರು ತಿಳಿಯುವ ಹೊತ್ತಿಗೆ ಮಾತು ಕೊಟ್ಟಾಗಿದೆ. ರಾಮಾಂಜನೇಯದಲ್ಲೂ ಅಷ್ಟೇ, ರಾಮ ಕೊಲ್ಲುವೆನೆಂದವನಿಗೆ ಹನುಮಂತ ಕಾಯುವೆನೆಂದಿರುತ್ತಾನೆ, ರಾಮನಾಮ ಜಪಿಸುತ್ತ ನಿಂತವನ ಮುಂದೆ ರಾಮಬಾಣ ಏನೂ ಮಾಡಲಾಗುವುದಿಲ್ಲ.

ಎಣೆಯಿಲ್ಲದ ಬಲದವರಿಬ್ಬರಿಗೆ ಬಲದಲ್ಲಿ ಹೆಚ್ಚು ಕಮ್ಮಿ ಹುಡುಕಿ ಫಲವಿಲ್ಲವೆಂಬುದು ಕಥೆ ಕಟ್ಟಿದವರಿಗೆ ಮೊದಲೇ ಗೊತ್ತಿತ್ತು. ಅಂಥವರನ್ನು ಕಟ್ಟಿಹಾಕುವುದು ಕೊಟ್ಟ ಮಾತೊಂದೇ. ಹಾಗಾಗಿ ಅವರ ಜಾಣತನವೆಲ್ಲ ಎರಡು ಕಡೆ ಖರ್ಚಾಗಿದೆ: ಇವರು ಹೊಡೆದಾಡಲೇಬೇಕಾಗುವಂತೆ ಮಾಡುವುದು ಹೇಗೆ, ಆಮೇಲೆ ನಿಲ್ಲಿಸುವುದು ಹೇಗೆ.

ಈ ವಿದ್ಯೆಯಲ್ಲಿ ನಮ್ಮ ನೆರೆಯವನೊಬ್ಬ ಎಲ್ಲರನ್ನೂ ಮೀರಿಸಿದ. ಅರಸೀಕೆರೆಗೆ ತಾಗಿಕೊಂಡ ಕಡೂರು ತಾಲ್ಲೂಕಿನ ದೇವನೂರಿನ ಲಕ್ಷ್ಮೀಶ. ಅವನ ಜೈಮಿನಿ ಭಾರತದಲ್ಲಿ ಕುರುಕ್ಷೇತ್ರ ಮುಗಿದಿದೆ, ಭೀಷ್ಮ ದ್ರೋಣ ಕರ್ಣರು ಉರುಳಿಯಾಗಿದೆ, ಅರ್ಜುನನಿಗೆ ಸಾಟಿ ಯಾರೂ ಉಳಿದಿಲ್ಲ. ಹುಡುಗರ ಭಾಷೆಯಲ್ಲಿ ಹೇಳುವುದಾದರೆ ಅವನೀಗ ಟಾಪ್. ಇಂಥವನನ್ನು ಕವಿ ಅಶ್ವಮೇಧದ ಕುದುರೆಯ ಹಿಂದೆ ಊರೂರು ಸುತ್ತಿಸುತ್ತಾನೆ, ಹೋದಲ್ಲೆಲ್ಲ ಹೆಸರು ಕೇಳದ ಹುಡುಗರಿಂದ ನೀರು ಕುಡಿಸುತ್ತಾನೆ.

ಚಂಪಕಾಪುರಿಯ ಸುಧನ್ವನನ್ನು ತೆಗೆದುಕೊಳ್ಳಿ. ಯುದ್ಧಕ್ಕೆ ತಡವಾಗಿ ಬಂದನೆಂದು ಅಪ್ಪ ಹಂಸಧ್ವಜನೇ ಅವನನ್ನು ಕುದಿಯುವ ಎಣ್ಣೆಯ ಕೊಪ್ಪರಿಗೆಗೆ ಹಾಕಿಸುತ್ತಾನೆ. ಹರಿನಾಮ ಹೇಳುತ್ತ ಅವನು ಸುಡದೆ ಎದ್ದು ಬರುತ್ತಾನೆ, ಬಂದು ಅರ್ಜುನನನ್ನು ಕಂಗೆಡಿಸುತ್ತಾನೆ. ಮೂರೇ ಬಾಣಗಳಲ್ಲಿ ನಿನ್ನ ತಲೆ ತೆಗೆಯುತ್ತೇನೆಂದು ಅರ್ಜುನನ ಪ್ರತಿಜ್ಞೆ. ಆ ಮೂರನ್ನೂ ಕತ್ತರಿಸುತ್ತೇನೆಂದು ಸುಧನ್ವನ ಪ್ರತಿಜ್ಞೆ. ಇಬ್ಬರೂ ಕೃಷ್ಣನ ಭಕ್ತರು, ಇಬ್ಬರ ಮಾತೂ ಉಳಿಯಬೇಕು. ಅರ್ಜುನನ ಸಾರಥಿಯಾಗಿ ಕೂತಿರುವವನು ಅದೇ ಕೃಷ್ಣ. ಗೋವರ್ಧನ ಎತ್ತಿದ ಪುಣ್ಯವನ್ನೇ ಒಂದು ಬಾಣಕ್ಕೆ ಧಾರೆ ಎರೆಯುತ್ತಾನೆ, ಸುಧನ್ವ ಅದನ್ನೂ ಕತ್ತರಿಸುತ್ತಾನೆ. ಎರಡನೆಯದೂ ಹೋಗುತ್ತದೆ. ಮೂರನೆಯದನ್ನೂ ಅವನು ನಡುವಿಗೆ ತುಂಡರಿಸುತ್ತಾನೆ. ಆದರೆ ಮುರಿದ ಬಾಣದ ಮುಂದಿನ ತುಂಡು ಹಾರಿ ಬಂದು ಅವನ ಕೊರಳು ಕತ್ತರಿಸುತ್ತದೆ. ಮೂರು ಬಾಣವೂ ತುಂಡಾದವು, ತಲೆಯೂ ಉರುಳಿತು. ಯಾರು ಗೆದ್ದರು? ನನಗೆ ತಿಳಿದಂತೆ ಇಷ್ಟು ಬಿಗಿಯಾದ ಗಂಟನ್ನು ಹಾಕಿ, ಒಂದು ಎಳೆಯೂ ಹರಿಯದಂತೆ ಬಿಚ್ಚಿದ ಕಾಳಗ ಇನ್ನೊಂದಿಲ್ಲ.

ಬಭ್ರುವಾಹನನ ಕಥೆ ಎಲ್ಲರಿಗೂ ಗೊತ್ತು, 1977ರ ಹುಣಸೂರು ಕೃಷ್ಣಮೂರ್ತಿಯವರ ಸಿನಿಮಾ ದಯೆಯಿಂದ. ಅಪ್ಪ ಅರ್ಜುನನೂ ಮಗ ಬಭ್ರುವಾಹನನೂ ಇಬ್ಬರೂ ರಾಜಕುಮಾರೇ. ಬಾಣಗಳಿಗಿಂತ ಮೊದಲು ಹಾಡಿನಲ್ಲೇ ಇಬ್ಬರೂ ಒಬ್ಬರನ್ನೊಬ್ಬರು ಹಂಗಿಸಿ ಮುಗಿಸುತ್ತಾರೆ. ಅಪ್ಪನ ದನಿ ಪಿ.ಬಿ. ಶ್ರೀನಿವಾಸರದ್ದು, ಮಗನದು ರಾಜಕುಮಾರರದ್ದೇ. ಕಪ್ಪ ಕಾಣಿಕೆಯೊಡನೆ ಕಾಲಿಗೆ ಬಿದ್ದ ಮಗನನ್ನು ಅರ್ಜುನ ನನ್ನ ಮಗನೇ ಅಲ್ಲವೆಂದು ಹೀಯಾಳಿಸಿದ್ದಕ್ಕೆ ಎದ್ದ ಜಗಳ ಅದು. ಸುಧನ್ವನದು ಒಂದೇ ದೇವರ ಇಬ್ಬರು ಭಕ್ತರದ್ದು, ಗಯನ ಕಥೆಯದು ಭಾವ ಮೈದುನರದ್ದು, ರಾಮಾಂಜನೇಯದ್ದು ಒಡೆಯ ಬಂಟರದ್ದು. ಹೊಡೆದಾಡಬಾರದವರು ಹೊಡೆದಾಡುತ್ತಾರೆ, ನೋಡುವವರ ಹೊಟ್ಟೆ ಅದಕ್ಕೇ ಹಿಂಡುತ್ತದೆ. ಗೋಕು ಯಾರೋ, ಸೂಪರ್‌ಮ್ಯಾನ್ ಯಾರೋ. ಒಬ್ಬ 1938ರಲ್ಲಿ ಅಮೆರಿಕದ ಕಾಮಿಕ್ಸ್‌ನಲ್ಲಿ ಹುಟ್ಟಿದವನು, ಇನ್ನೊಬ್ಬ 1984ರಲ್ಲಿ ಜಪಾನಿನ ಅಕಿರ ತೊರಿಯಾಮ ಬರೆದವನು. ಯಾರು ಬಿದ್ದರೂ ಇನ್ನೊಬ್ಬನ ಮನೆಯಲ್ಲಿ ಸೂತಕವಿಲ್ಲ.

ಅಮೆರಿಕದವರು ಇದನ್ನು ಪ್ರಯೋಗ ಮಾಡಿಯೂ ನೋಡಿದ್ದಾರೆ. 1996ರಲ್ಲಿ ಡಿಸಿ ಮತ್ತು ಮಾರ್ವೆಲ್ ಎಂಬ ಎರಡು ಕಾಮಿಕ್ಸ್ ಕಂಪನಿಗಳು ತಮ್ಮ ವೀರರನ್ನು ಜೋಡಿ ಜೋಡಿಯಾಗಿ ಕಾದಾಡಿಸಿ, ಐದು ಕಾಳಗಗಳ ಫಲಿತಾಂಶವನ್ನು ಓದುಗರ ಮತಕ್ಕೆ ಬಿಟ್ಟವು. ಸೂಪರ್‌ಮ್ಯಾನ್‌ಗೇ ಸಡ್ಡು ಹೊಡೆಯಬಲ್ಲ ಡಿಸಿಯ ಲೋಬೋ, ಮಾರ್ವೆಲ್‌ನ ವುಲ್ವರಿನ್ ಎದುರು ಸೋತ, ಯಾಕೆಂದರೆ ವುಲ್ವರಿನ್‌ಗೆ ಅಭಿಮಾನಿಗಳು ಜಾಸ್ತಿ. ಚಿತ್ರ ಬರೆಯುವವರಿಗೆ ಅದನ್ನು ತೋರಿಸುವುದು ಹೇಗೆಂದು ತೋಚಿದಂತಿಲ್ಲ. ಹೊಡೆದಾಟವನ್ನು ಬಾರ್ ಕೌಂಟರಿನ ಮರೆಗೆ ತಳ್ಳಿ ಮುಗಿಸಿಬಿಟ್ಟರು. ಬರೆಯುವವನು ಯಾರನ್ನು ಗೆಲ್ಲಿಸಬೇಕೆಂದಿರುತ್ತಾನೋ ಅವನು ಗೆಲ್ಲುತ್ತಾನೆ ಎಂಬರ್ಥದ ಮಾತನ್ನು ಮಾರ್ವೆಲ್‌ನ ಸ್ಟ್ಯಾನ್ ಲೀ ಹೇಳುತ್ತಿದ್ದರು. ಅವರ ಮಾತು ಸರಿ, ಆದರೆ ಸಾಲದು. ಬರೆಯುವವನ ಹಿಂದೆ ಮತ ಹಾಕುವವರೂ ಇದ್ದಾರಲ್ಲ.

ಇಷ್ಟಾದ ಮೇಲೆ, ನಾವು ಕಾರಣವಿಲ್ಲದೆ ಕಾದಾಡಿಸಿದವರಲ್ಲ ಎಂದು ಬೀಗಿಕೊಳ್ಳಬಹುದಿತ್ತು. ಬೇಲೂರು ಬಿಡುವುದಿಲ್ಲ.

ವಿಷ್ಣುವರ್ಧನ 1117ರಲ್ಲಿ ಪ್ರತಿಷ್ಠೆ ಮಾಡಿಸಿದ ಚೆನ್ನಕೇಶವನ ಗುಡಿಯ ಕೆತ್ತನೆಗಳಲ್ಲಿ ಗೈಡುಗಳು ತಪ್ಪದೆ ತೋರಿಸುವ ಒಂದಿದೆ. ಹಾವೊಂದು ಸಣ್ಣ ಪ್ರಾಣಿಯನ್ನು ನುಂಗುತ್ತಿದೆ. ಆ ಹಾವನ್ನು ಆನೆ ಹಿಡಿದಿದೆ, ಆನೆಯ ಮೇಲೆ ಸಿಂಹ ಎರಗಿದೆ, ಸಿಂಹವನ್ನು ಶರಭ ಹಿಡಿದಿದೆ, ಶರಭವನ್ನು ಎರಡು ತಲೆಯ ಗಂಡಭೇರುಂಡ. ಪಕ್ಕದಲ್ಲಿ ಒಬ್ಬ ಋಷಿ ಬೆರಗಾಗಿ ನೋಡುತ್ತಿದ್ದಾನೆ. ಇಲ್ಲಿ ಶಪಥವಿಲ್ಲ, ಅಭಯವಿಲ್ಲ, ಅಪ್ಪ ಮಕ್ಕಳಿಲ್ಲ. ಬಲ, ಅದರ ಮೇಲೊಂದು ಬಲ, ಅಷ್ಟೇ. ನಮ್ಮ ಹುಡುಗರು ಜಗಲಿಯ ಮೇಲೆ ಮಾಡುತ್ತಿದ್ದುದನ್ನೇ ಹೊಯ್ಸಳರ ಕಾಲದ ಉಳಿ ಮಾಡಿದೆ.

ಆದರೆ ಈ ಪ್ರಾಣಿಗಳ ಹಿಂದೆ ಒಂದು ವ್ಯಾಜ್ಯ ಉಂಟು. ಹಿರಣ್ಯಕಶಿಪುವನ್ನು ಸೀಳಿದ ಮೇಲೂ ಉಗ್ರತೆ ತಣಿಯದ ನರಸಿಂಹನನ್ನು ಶಿವ ಶರಭನಾಗಿ ಬಂದು ಅಡಗಿಸಿದನೆಂದು ಶೈವರ ಕಥೆ. ಹಾಗಾದರೆ ವಿಷ್ಣುವೇ ಗಂಡಭೇರುಂಡನಾಗಿ ಶರಭವನ್ನು ಅಡಗಿಸಿದನೆಂದು ವೈಷ್ಣವರ ಉತ್ತರ. ಬೇಲೂರಿನ ಶಿಲ್ಪಿಯ ಮನಸ್ಸಿನಲ್ಲಿ ಇದೇ ಇತ್ತೆಂದು ಆಣೆ ಮಾಡಲಾರೆ. ಆದರೂ ವಿಷ್ಣುವಿನ ಗುಡಿಯಲ್ಲಿ ಶರಭದ ನೆತ್ತಿಯ ಮೇಲೊಂದು ಹಕ್ಕಿ ಬಂದು ಕೂತದ್ದು ಬರೀ ಚಂದಕ್ಕೆ ಅನ್ನಲೂ ಮನಸ್ಸು ಒಪ್ಪುವುದಿಲ್ಲ. ಕೆಲವೇ ಹರದಾರಿ ಆಚೆ ಹಳೇಬೀಡಿನಲ್ಲಿ ಅದೇ ಅರಸನ ಕಾಲದಲ್ಲೇ ಹೊಯ್ಸಳೇಶ್ವರನ ಗುಡಿ ಎದ್ದಿತು, ಶಿವನದ್ದು. ರಾಣಿ ಶಾಂತಲೆ ಜೈನಳು. ಒಂದು ಗುಡಿಗೆ ಹೋಗುವವರು ಇನ್ನೊಂದು ಗುಡಿಗೆ ಹೋಗುವವರನ್ನು ಸಂತೆಯಲ್ಲಿ, ಕೆರೆ ಏರಿಯ ಮೇಲೆ ಕಾಣುತ್ತಿದ್ದಿರಬೇಕು.

ಮಂಡಿಯ ಭೀಮ ಕೇಳಿದ್ದಕ್ಕೆ ನನಗೆ ಉತ್ತರ ಹೊಳೆದದ್ದು ಇಲ್ಲಿ. ಶರಭಕ್ಕೂ ಗಂಡಭೇರುಂಡಕ್ಕೂ ಯಾವ ಹಗೆಯೂ ಇಲ್ಲ. ಜಗಳ ಕಲ್ಲಿನಲ್ಲಿಲ್ಲ, ಕಲ್ಲನ್ನು ನೋಡುವವರ ನಡುವೆ ಇದೆ. ನಮ್ಮ ಹುಡುಗರಲ್ಲಿ ಒಬ್ಬ ಬೆಂಗಳೂರಿನವನು, ಒಬ್ಬ ಇಲ್ಲೇ ಓದುವವನು. ಅಣ್ಣತಮ್ಮಂದಿರ ಮಕ್ಕಳು, ಒಂದೇ ವಯಸ್ಸು, ಹುಟ್ಟಿದಾಗಿನಿಂದ ಮನೆಯವರು ಇವನನ್ನು ಅವನ ಪಕ್ಕ ನಿಲ್ಲಿಸಿ ಎತ್ತರ ನೋಡಿದ್ದಾರೆ, ಮಾರ್ಕ್ಸ್ ಕೇಳಿದ್ದಾರೆ. ನೀನು ಹೆಚ್ಚೋ ನಾನು ಹೆಚ್ಚೋ ಎಂದು ಬಾಯಿಬಿಟ್ಟು ಕೇಳಲಾಗದ್ದನ್ನು ಗೋಕುವಿನ ಹೆಗಲಿಗೆ ಹಾಕಿದ್ದಾರೆ. ಸಂಬಂಧವಿಲ್ಲದ ಇಬ್ಬರು ಪರಕೀಯರ ಕಾಳಗ ಎಂದು ನಾನು ಹಗುರವಾಗಿ ನೋಡಿದ್ದರ ಒಳಗೆ ಬಭ್ರುವಾಹನನ ಜಗಳವೇ ಇತ್ತು, ರಂಗದ ಮೇಲಿರಲಿಲ್ಲ, ಚಾಪೆಯ ಮೇಲೆ ಕೂತಿತ್ತು.

ಹಾಗೆ ಹೆಗಲು ಬದಲಿಸುವುದು ಕೆಟ್ಟದ್ದು ಎಂದೂ ನನಗೆ ಅನಿಸುವುದಿಲ್ಲ. ಬದಲಿಸದೆ ಮನುಷ್ಯರೇ ಎದುರಾದದ್ದೂ ನಮ್ಮ ಜಿಲ್ಲೆಗೆ ಗೊತ್ತು. 1368ರ ಹೊತ್ತಿಗೆ ಜೈನರಿಗೂ ಶ್ರೀವೈಷ್ಣವರಿಗೂ ವ್ಯಾಜ್ಯ ಬೆಳೆದು ವಿಜಯನಗರದ ಬುಕ್ಕರಾಯನವರೆಗೆ ಹೋಯಿತು. ಶ್ರವಣಬೆಳಗೊಳದ ಶಾಸನದ ಪ್ರಕಾರ ರಾಯ ಯಾರು ಹೆಚ್ಚೆಂದು ತೀರ್ಪು ಕೊಡಲಿಲ್ಲ. ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟ, ಎರಡು ದರ್ಶನಗಳಿಗೂ ಭೇದವಿಲ್ಲ ಎಂದ, ಜೈನರನ್ನು ಕಾಯುವ ಹೊಣೆಯನ್ನು ವೈಷ್ಣವರಿಗೇ ಹೊರಿಸಿದ. ಗಯನ ಕಥೆಯಲ್ಲಿ ದೇವತೆಗಳು ನಡುವೆ ಬಂದು ಮಾಡುವ ಕೆಲಸ ಇದೇ. ಕಲ್ಲಿನ ಪ್ರಾಣಿಗಳಿಗೆ ಇಂಥ ರಾಜಿ ಬೇಕಾಗುವುದಿಲ್ಲ, ಎಷ್ಟು ಶತಮಾನವಾದರೂ ಕಚ್ಚಿಕೊಂಡೇ ಇರಬಹುದು.

ಗಂಡಭೇರುಂಡ ಆಮೇಲೆ ಮೈಸೂರು ಅರಸರ ಲಾಂಛನವಾಯಿತು, ಈಗ ಕರ್ನಾಟಕ ಸರ್ಕಾರದ್ದು. ಅದರ ಅಕ್ಕಪಕ್ಕ ಸೊಂಡಿಲಿನ ಸಿಂಹಗಳು, ಮೇಲೆ ಅಶೋಕನ ಸಿಂಹಗಳು, ಯಾರೂ ಯಾರನ್ನೂ ತಿನ್ನುತ್ತಿಲ್ಲ. ಸರ್ಕಾರಿ ಕಾಗದದ ಮೇಲೆ ಅಷ್ಟು ಶಿಸ್ತು ಬೇಕೇನೋ.

ಗಂಡಭೇರುಂಡಕ್ಕೂ ಮೇಲೆ ಇನ್ನೊಂದು ಪ್ರಾಣಿಯನ್ನು ಬೇಲೂರಿನ ಶಿಲ್ಪಿ ಯಾಕೆ ಕೆತ್ತಲಿಲ್ಲ? ಕಲ್ಲು ಮುಗಿಯಿತು ಅನ್ನಬಹುದು. ಬೇಕಾಗಿಯೂ ಇರಲಿಲ್ಲ ಅನ್ನಬಹುದು, ಯಾಕೆಂದರೆ ಎರಡು ತಲೆಯ ಹಕ್ಕಿಯ ಎದುರಾಳಿ ಯಾರೆಂದು ಪಂಚತಂತ್ರ ಎಂದೋ ಹೇಳಿಟ್ಟಿದೆ. ಭಾರುಂಡವೆಂಬ ಹಕ್ಕಿಗೆ ಹೊಟ್ಟೆ ಒಂದು, ಕೊರಳು ಎರಡು. ಒಂದು ತಲೆಗೆ ಅಮೃತದಂಥ ಹಣ್ಣು ಸಿಕ್ಕಿತು. ಇನ್ನೊಂದು ಪಾಲು ಕೇಳಿದರೆ, ಹೇಗೂ ಹೋಗುವುದು ಒಂದೇ ಹೊಟ್ಟೆಗೆ ತಾನೆ ಎಂದು ಕೊಡಲಿಲ್ಲ. ಲೆಕ್ಕ ಸರಿಯಾಗಿಯೇ ಇತ್ತು. ಅದೇ ಸಿಟ್ಟಿಗೆ ಎರಡನೆಯ ತಲೆ ಮುಂದೊಂದು ದಿನ ವಿಷದ ಹಣ್ಣು ಸಿಕ್ಕಾಗ ಅದನ್ನು ತಿಂದಿತು.