ತೇಲುವ ಉಗ್ರಾಣಕ್ಕೊಂದು ಹೆಸರು

2022ರ ಆಗಸ್ಟ್‌ನಲ್ಲಿ ಅಮೆರಿಕದ ನೌಕಾಪಡೆಯ ಹಡಗೊಂದು ದುರಸ್ತಿಗಾಗಿ ಚೆನ್ನೈ ಹತ್ತಿರದ ಕಾಟುಪಳ್ಳಿಗೆ ಬಂದಿತ್ತು. ಆ ದೇಶ ತನ್ನ ನೌಕಾಪಡೆಯ ಹಡಗನ್ನು ರಿಪೇರಿಗೆಂದು ಭಾರತಕ್ಕೆ ಕಳಿಸಿದ್ದು ಅದೇ ಮೊದಲಂತೆ. ನನ್ನ ಗಮನ ಹೋದದ್ದು ಅದರ ಹೆಸರಿನ ಕಡೆಗೆ. ಚಾರ್ಲ್ಸ್ ಡ್ರೂ ಎಂದು ಹೆಸರು. ದಾನಿಗಳ ರಕ್ತವನ್ನು ಕೆಡದಂತೆ ಶೇಖರಿಸುವ ಕ್ರಮಕ್ಕೆ ಬುನಾದಿ ಹಾಕಿದ ಕಪ್ಪು ಜನಾಂಗದ ವೈದ್ಯರು ಅವರು. ಕಪ್ಪು ಜನರ ರಕ್ತವನ್ನು ಬೇರೆಯಾಗಿಡಬೇಕೆಂಬ ಅಂದಿನ ನಿಯಮಕ್ಕೆ ವಿಜ್ಞಾನದ ಆಧಾರವೇ ಇಲ್ಲವೆಂದು ಹೇಳಿದವರು. ಯುದ್ಧಪಡೆಯ ಹಡಗಿಗೆ ವೈದ್ಯರ ಹೆಸರೇ ಎಂದು ಕುತೂಹಲದಿಂದ ಓದುತ್ತ ಹೋದೆ. ಅದೇ ಮಾದರಿಯಲ್ಲಿ ಹದಿನಾಲ್ಕು ಹಡಗುಗಳಿವೆಯೆಂದೂ, ಹದಿಮೂರನೆಯದಕ್ಕೆ ಮೆಡ್ಗರ್ ಎವರ್ಸ್ ಎಂಬ ಹೆಸರಿದೆಯೆಂದೂ ತಿಳಿಯಿತು.

ಇವು ಫಿರಂಗಿ ಹೊತ್ತು ಕಾದಾಡುವ ಹಡಗುಗಳಲ್ಲ. ನಡುಗಡಲಲ್ಲಿರುವ ಯುದ್ಧನೌಕೆಗಳಿಗೆ ದಿನಸಿ, ಬಿಡಿಭಾಗ, ಮದ್ದುಗುಂಡು, ಒಂದಷ್ಟು ಇಂಧನ ಮುಟ್ಟಿಸುವ ಹಡಗುಗಳು. ನಡೆಸುವವರಲ್ಲಿ ಹೆಚ್ಚಿನವರು ಸೈನಿಕರಲ್ಲ, ಸಂಬಳದ ನಾವಿಕರು. 210 ಮೀಟರ್ ಉದ್ದದ ತೇಲುವ ಉಗ್ರಾಣವೆಂದರೆ ನಮಗೆ ಬೇಗ ಅರ್ಥವಾದೀತು.

ಮೆಡ್ಗರ್ ಎವರ್ಸ್ ಹುಟ್ಟಿದ್ದು 1925ರಲ್ಲಿ, ಮಿಸಿಸಿಪಿ ರಾಜ್ಯದಲ್ಲಿ. ಎರಡನೆಯ ಮಹಾಯುದ್ಧದಲ್ಲಿ ಸೈನ್ಯಕ್ಕೆ ಸೇರಿ ಫ್ರಾನ್ಸಿನ ನಾರ್ಮಂಡಿಗೆ ಹೋದರು. ಆಗ ಕಪ್ಪು ಸೈನಿಕರ ದಳಗಳೇ ಬೇರೆ. ಅವರಲ್ಲಿ ಬಹುಪಾಲು ಜನಕ್ಕೆ ಸಿಗುತ್ತಿದ್ದುದು ಸರಕು ಇಳಿಸುವ, ಲಾರಿ ತುಂಬಿ ಸಾಗಿಸುವ ಕೆಲಸ. ಎವರ್ಸ್ ಅವರಿಗೂ ಅದೇ ಸಿಕ್ಕಿತು. ಯುದ್ಧ ಮುಗಿಸಿ ಬಂದು 1946ರಲ್ಲಿ ಸ್ವಂತ ಊರಿನಲ್ಲಿ ಮತ ಹಾಕಲು ಹೋದರೆ ಬಂದೂಕು ಹಿಡಿದ ಬಿಳಿಯರು ಅವರನ್ನೂ ಅಣ್ಣನನ್ನೂ ಹಿಂದಕ್ಕೆ ಕಳಿಸಿದರು. 1954ರಲ್ಲಿ ರಾಜ್ಯದ ವಿಶ್ವವಿದ್ಯಾಲಯದ ಕಾನೂನು ವಿಭಾಗಕ್ಕೆ ಅರ್ಜಿ ಹಾಕಿದರು. ಅಲ್ಲಿಯೂ ಬಾಗಿಲು ಮುಚ್ಚಿತ್ತು. ಅದೇ ವರ್ಷದ ಕೊನೆಗೆ ಕಪ್ಪು ಜನರ ಹಕ್ಕುಗಳಿಗಾಗಿ ದುಡಿಯುತ್ತಿದ್ದ ರಾಷ್ಟ್ರೀಯ ಸಂಘದ ಮಿಸಿಸಿಪಿ ಕಾರ್ಯದರ್ಶಿಯಾದರು. ಹಳ್ಳಿಹಳ್ಳಿ ತಿರುಗಿ ಜನರನ್ನು ಮತದಾರರ ಪಟ್ಟಿಗೆ ಸೇರಿಸುವುದು, ಕೊಲೆಗಳಿಗೆ ಸಾಕ್ಷಿ ಹುಡುಕುವುದು ಅವರ ಕೆಲಸ. 1955ರಲ್ಲಿ ಎಮ್ಮೆಟ್ ಟಿಲ್ ಎಂಬ ಹದಿನಾಲ್ಕರ ಹುಡುಗನನ್ನು ಕೊಂದಾಗ ಸಾಕ್ಷಿಗಳನ್ನು ಅರಸಿ ಹೋದವರಲ್ಲಿ ಇವರೂ ಒಬ್ಬರು.

ಜಾಕ್ಸನ್ ನಗರದಲ್ಲಿ ಅವರ ಮನೆಗೆ ಮುಂಬಾಗಿಲೇ ಇರಲಿಲ್ಲ. ರಸ್ತೆಯಿಂದ ಯಾರೂ ನೇರವಾಗಿ ನುಗ್ಗಬಾರದೆಂದು, ಪಕ್ಕದಲ್ಲಿ ಕಾರು ನಿಲ್ಲಿಸುವ ಜಾಗದ ಕಡೆ ಬಾಗಿಲಿಟ್ಟಿದ್ದರು. ಗುಂಡಿನ ಸದ್ದು ಕೇಳಿದೊಡನೆ ನೆಲಕ್ಕೆ ಬೀಳಬೇಕೆಂದು ಮೂವರು ಮಕ್ಕಳಿಗೂ ಕಲಿಸಿದ್ದರು. ನಾವು ಮಕ್ಕಳಿಗೆ ಮಗ್ಗಿ ಕಲಿಸುತ್ತೇವೆ, ಶ್ಲೋಕ ಕಲಿಸುತ್ತೇವೆ. ಮರ್ಲಿ ಎಂಬ ಆ ತಾಯಿ ಇದನ್ನೂ ಕಲಿಸಬೇಕಾಯಿತು.

1963ರ ಜೂನ್ 11ರ ರಾತ್ರಿ ಅಧ್ಯಕ್ಷ ಕೆನಡಿ ದೂರದರ್ಶನದಲ್ಲಿ ನಾಗರಿಕ ಹಕ್ಕುಗಳ ಬಗ್ಗೆ ಮಾತನಾಡಿದರು. ಮರ್ಲಿಯವರೂ ಮಕ್ಕಳೂ ನಿದ್ದೆಗೆಟ್ಟು ಅಪ್ಪನ ದಾರಿ ಕಾಯುತ್ತಿದ್ದರು. ನಡುರಾತ್ರಿ ಕಳೆದ ಮೇಲೆ ಕಾರು ಬಂದು ನಿಂತಿತು. ಕೈಯಲ್ಲೊಂದು ಅಂಗಿಗಳ ಕಟ್ಟು ಹಿಡಿದು ಇಳಿದವರ ಬೆನ್ನಿಗೆ ಗುಂಡು ಬಿತ್ತು. ಮಕ್ಕಳು ಕಲಿಸಿದ್ದಂತೆಯೇ ಮಾಡಿದರು. ಎವರ್ಸ್ ಅವರಿಗೆ ಆಗ ಮೂವತ್ತೇಳು ವರ್ಷ.

ಕೊಂದ ಬೈರನ್ ಡಿ ಲಾ ಬೆಕ್ವಿತ್‌ನನ್ನು 1964ರಲ್ಲಿ ಎರಡು ಸಲ ವಿಚಾರಣೆಗೆ ಒಳಪಡಿಸಿದರು. ಎರಡು ಸಲವೂ ಬಿಳಿಯ ಗಂಡಸರೇ ತುಂಬಿದ್ದ ತೀರ್ಪುಗಾರರ ಮಂಡಲಿ ಒಮ್ಮತಕ್ಕೆ ಬರಲಿಲ್ಲ. ಆತ ಮನೆಗೆ ಹೋದ. ಮರ್ಲಿ ಬಿಡಲಿಲ್ಲ. 1994ರ ಫೆಬ್ರವರಿ 5ರಂದು ಮೂರನೆಯ ವಿಚಾರಣೆಯಲ್ಲಿ ಅಪರಾಧಿಯೆಂದು ತೀರ್ಪಾಗಿ ಜೀವಾವಧಿ ಶಿಕ್ಷೆಯಾಯಿತು. ಗುಂಡು ಹಾರಿದ್ದಕ್ಕೂ ಈ ತೀರ್ಪಿಗೂ ನಡುವೆ ಮೂವತ್ತು ವರ್ಷ ಸಂದಿದ್ದವು.

ಹಡಗಿಗೆ ಈ ಹೆಸರಿಡುವುದಾಗಿ 2009ರಲ್ಲಿ ಪ್ರಕಟಿಸಿದವರು ನೌಕಾಪಡೆಯ ಕಾರ್ಯದರ್ಶಿ ರೇ ಮೇಬಸ್. ಹಿಂದೆ ಮಿಸಿಸಿಪಿಯ ರಾಜ್ಯಪಾಲರಾಗಿದ್ದವರು. 2011ರ ನವೆಂಬರ್ 12ರಂದು ಸ್ಯಾನ್ ಡಿಯೇಗೋದಲ್ಲಿ ಮರ್ಲಿಯವರೇ ಹಡಗಿನ ಮೂತಿಗೆ ಷಾಂಪೇನ್ ಬಾಟಲಿ ಒಡೆದು ನಾಮಕರಣ ಮಾಡಿದರು.

ಹಕ್ಕಿಗಾಗಿ ಹೋರಾಡಿದವರ ಹೆಸರನ್ನು ಮದ್ದುಗುಂಡು ಸಾಗಿಸುವ ಹಡಗಿಗೆ ಇಡಬಹುದೇ? ಇದು ಗೌರವವೋ, ಅಥವಾ ಸತ್ತವರ ಹೆಸರಿನ ಉಪಯೋಗವೋ? ಬಂದೂಕಿನಿಂದ ಸತ್ತವರಿಗೆ ಇದು ಒಪ್ಪದು ಎನ್ನುವವರು ಎವರ್ಸ್ ಅವರನ್ನು ಗೋಡೆಯ ಚಿತ್ರ ಮಾಡಿಕೊಂಡಿದ್ದಾರೆ ಎನ್ನಿಸುತ್ತದೆ. ಅವರು ಸೈನಿಕರಾಗಿದ್ದವರು. ಮನೆಯಲ್ಲಿ ಬಂದೂಕು ಇಟ್ಟುಕೊಂಡಿದ್ದವರು. ಚೊಚ್ಚಲ ಮಗನ ಹೆಸರಿನಲ್ಲಿ ಕೀನ್ಯಾದ ಜೋಮೋ ಕೆನ್ಯಾಟಾರ ಹೆಸರನ್ನು ಸೇರಿಸಿದವರು. ಅವರ ಸಮಾಧಿಯಿರುವುದೂ ಆರ್ಲಿಂಗ್ಟನ್ನಿನ ಸೈನಿಕರ ಸ್ಮಶಾನದಲ್ಲಿ. ಇನ್ನು ಸರಕಿನ ಹಡಗು ಕೀಳು ಎಂಬ ಆಕ್ಷೇಪಣೆಯನ್ನಂತೂ ನಾನು ಒಪ್ಪುವುದಿಲ್ಲ. ಮದುವೆ ಮನೆಯಲ್ಲಿ ಫೋಟೋಗೆ ನಿಲ್ಲುವವರು ಯಾರು, ಉಗ್ರಾಣ ನೋಡಿಕೊಳ್ಳುವವರು ಯಾರು ಎಂಬುದು ನಿಮಗೂ ಗೊತ್ತು.

ನನ್ನನ್ನು ಕಾಡುವ ಸಂಗತಿ ಬೇರೆ. ಅದೇ ನೌಕಾಪಡೆಯಲ್ಲಿ 1995ರಿಂದ ಜಾನ್ ಸ್ಟೆನಿಸ್ ಎಂಬ ದೈತ್ಯ ವಿಮಾನವಾಹಕ ನೌಕೆಯೂ ಇದೆ. ಸ್ಟೆನಿಸ್ ಅದೇ ಮಿಸಿಸಿಪಿಯವರು, ದೀರ್ಘಕಾಲ ಸೆನೆಟರ್ ಆಗಿದ್ದವರು. ಅದಕ್ಕೂ ಮೊದಲು ಸರ್ಕಾರಿ ವಕೀಲರಾಗಿದ್ದಾಗ ಮೂವರು ಕಪ್ಪು ಜನರಿಗೆ ಮರಣದಂಡನೆ ಕೊಡಿಸಿದರು. ಚಾಟಿಯಿಂದ ಹೊಡೆದು ಹೇಳಿಸಿದ ತಪ್ಪೊಪ್ಪಿಗೆ ಸಲ್ಲದೆಂದು 1936ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಮಾಡಿತು. ಶಾಲೆಗಳಲ್ಲಿ ಬಿಳಿ ಮಕ್ಕಳನ್ನೂ ಕಪ್ಪು ಮಕ್ಕಳನ್ನೂ ಕೂಡಿಸಬಾರದೆಂದು 1956ರಲ್ಲಿ ದಕ್ಷಿಣದ ಜನಪ್ರತಿನಿಧಿಗಳು ಹೊರಡಿಸಿದ ಹೇಳಿಕೆಗೆ ಅವರು ಸಹಿ ಹಾಕಿದರು. 1964ರ ನಾಗರಿಕ ಹಕ್ಕುಗಳ ಕಾನೂನಿಗೆ ವಿರೋಧವಾಗಿ ಮತ ಹಾಕಿದರು. ಇಳಿವಯಸ್ಸಿನಲ್ಲಿ, 1982ರಲ್ಲಿ, ಮತದಾನದ ಹಕ್ಕಿನ ಕಾನೂನನ್ನು ಮುಂದುವರಿಸಲು ಒಪ್ಪಿದರೆಂಬುದನ್ನೂ ಹೇಳಬೇಕು. ಆದರೆ ನೌಕೆಗೆ ಹೆಸರು ಬಂದದ್ದು ಸೇನೆಗೆ ದುಡ್ಡು ಒದಗಿಸಿಕೊಟ್ಟ ಉಪಕಾರಕ್ಕೆ.

ಹೀಗೆ ಬಾಗಿಲು ಮುಚ್ಚಿದವರ ಹೆಸರೂ ಬಾಗಿಲು ತಟ್ಟಿದವರ ಹೆಸರೂ ಒಂದೇ ಪಡೆಯಲ್ಲಿವೆ. ಮೊದಲನೆಯ ಹೆಸರಿನ ನೌಕೆಗೆ ಹಸಿವಾದರೆ ಎರಡನೆಯ ಹೆಸರಿನ ಹಡಗು ಪಕ್ಕದಲ್ಲಿ ಸಾಗುತ್ತ, ಹಗ್ಗ ಎಸೆದು, ಊಟ ದಾಟಿಸಬೇಕಾಗಿ ಬಂದೀತು. ಹೆಸರಿಡುವ ಸರ್ಕಾರ ಇಬ್ಬರನ್ನೂ ಗೌರವಿಸಿ ಲೆಕ್ಕ ಸರಿಹೋಯಿತು ಎಂದುಕೊಳ್ಳಬಹುದು. ಕೊಡುವ ಗೌರವಕ್ಕೆ ತೂಕ ಬರುವುದು ಬೇರೆ ಯಾರಿಗೆ ಕೊಟ್ಟಿದ್ದೀರಿ ಎಂಬುದರಿಂದಲೂ ಅಲ್ಲವೇ? ಸ್ಟಾಫ್ ರೂಮಿನಲ್ಲಿ ಇದನ್ನು ಹೇಳಿದಾಗ ಕಿರಿಯ ಸಹೋದ್ಯೋಗಿಯೊಬ್ಬರು, "ಇಡದಿದ್ದರೂ ತಪ್ಪು, ಇಟ್ಟರೂ ತಪ್ಪು ಅಂತೀರಲ್ಲ ಮೇಡಂ" ಎಂದು ನಕ್ಕರು. ಇಟ್ಟದ್ದು ತಪ್ಪೆಂದು ನಾನು ಹೇಳುತ್ತಿಲ್ಲ. ಇಟ್ಟ ಮಾತ್ರಕ್ಕೆ ಋಣ ತೀರಿತು ಎನ್ನಬೇಡಿ ಎಂದಷ್ಟೇ ನನ್ನ ತಕರಾರು.

ಸರ್ಕಾರ ಕೊಟ್ಟ ಹೆಸರನ್ನು ಸರ್ಕಾರವೇ ಕಿತ್ತುಕೊಳ್ಳಲೂಬಹುದು. ಸಲಿಂಗಿಗಳ ಹಕ್ಕಿಗಾಗಿ ದುಡಿದು 1978ರಲ್ಲಿ ಕೊಲೆಯಾದ ಹಾರ್ವೆ ಮಿಲ್ಕ್ ಅವರ ಹೆಸರನ್ನು ಇನ್ನೊಂದು ಸರಬರಾಜು ಹಡಗಿಗೆ ಇಟ್ಟಿದ್ದರು. 2025ರ ಜೂನ್‌ನಲ್ಲಿ ಅದನ್ನು ಅಳಿಸಿ ಬೇರೆ ನಾವಿಕನ ಹೆಸರಿಟ್ಟರು. 1994ರ ತೀರ್ಪನ್ನು ಹಾಗೆ ಬಣ್ಣ ಬಳಿದು ಅಳಿಸಲಾಗುವುದಿಲ್ಲ. ಎರಡರಲ್ಲಿ ಒಂದನ್ನು ಮಾತ್ರ ಆರಿಸಿಕೋ ಎಂದರೆ ಮರ್ಲಿಯವರು ಯಾವುದನ್ನು ಆರಿಸಿಯಾರು ಎಂದು ಕೇಳುವ ಅಗತ್ಯವೇ ಇಲ್ಲ.

ಆದರೂ ಹೆಸರು ಚಿಕ್ಕ ವಿಷಯ ಎನ್ನಲು ಮನಸ್ಸು ಬರುವುದಿಲ್ಲ. ಮಿಸಿಸಿಪಿಯಲ್ಲಿ ಬಿಳಿಯರು ಕಪ್ಪು ಜನರನ್ನು, ಅಜ್ಜಿಯಾಗಿದ್ದರೂ ಸರಿ, ಮಿಸ್ಟರ್, ಮಿಸೆಸ್ ಎನ್ನುತ್ತಿರಲಿಲ್ಲ. ಬರೀ ಹೆಸರು, ಇಲ್ಲವೇ "ಏ ಹುಡುಗಾ". ಏಕವಚನದ ಆ ಉರಿ ಕನ್ನಡ ಬಲ್ಲವರಿಗೆ ಬಿಡಿಸಿ ಹೇಳಬೇಕಿಲ್ಲ. 1962ರ ಕೊನೆಗೆ ಜಾಕ್ಸನ್ನಿನ ಅಂಗಡಿಗಳಿಗೆ ಬಹಿಷ್ಕಾರ ಹಾಕಿದಾಗ, ಎವರ್ಸ್ ಅವರೂ ಜೊತೆಗಿದ್ದ ಆ ಚಳವಳಿಯ ಬೇಡಿಕೆಗಳಲ್ಲಿ ಅದೂ ಒಂದಾಗಿತ್ತು: ದುಡ್ಡು ಕೊಟ್ಟು ಕೊಳ್ಳುವ ನಮ್ಮ ಹೆಂಗಸರನ್ನು ಮರ್ಯಾದೆಯಿಂದ ಕರೆಯಿರಿ. ಈಗ ನಡುಗಡಲಲ್ಲಿ ಅಕ್ಕಿ, ಆಲೂಗೆಡ್ಡೆ ಮುಗಿದ ಯುದ್ಧನೌಕೆಗೆ ಅವನ್ನು ಮುಟ್ಟಿಸುವ ಆ ಉಗ್ರಾಣಕ್ಕೆ ಇರುವುದು ಪೂರ್ತಿ ಹೆಸರು, ಮೆಡ್ಗರ್ ಎವರ್ಸ್ ಎಂದು.