ಐವತ್ತನೆಯ ಜನ್ಮದಿನ ಮತ್ತು ಶ್ರಾವಕಧರ್ಮ

ಮನೆಯ ಯಜಮಾನನಿಗೆ ಐವತ್ತು ವರ್ಷ ತುಂಬುತ್ತದೆ. ಮಕ್ಕಳು ತಿಂಗಳ ಮೊದಲೇ ಸಭಾಭವನವನ್ನು ಗೊತ್ತುಮಾಡಿರುತ್ತಾರೆ. ಬಂಧುಮಿತ್ರರಿಗೆ ಆಮಂತ್ರಣ ಹೋಗಿರುತ್ತದೆ. ಸಂಜೆ ಏಳರ ಮೇಲೆ ದೀಪಾಲಂಕಾರ, ಕೇಕು, ಮೇಣದ ಬತ್ತಿ, ಅನಂತರ ಭೋಜನ. ಇಂದು ದಿಗಂಬರ ಜೈನ ಮನೆತನಗಳಲ್ಲಿಯೂ ಈ ಪದ್ಧತಿ ಅಪರೂಪವಲ್ಲ. ಇದು ಯುಕ್ತವೇ ಎಂಬ ಪ್ರಶ್ನೆ ಬಂದಾಗ ಹಿರಿಯರು ಥಟ್ಟನೆ ಬೇಡವೆನ್ನುತ್ತಾರೆ; ಕಿರಿಯರು ಸಂತೋಷಪಡುವುದರಲ್ಲಿ ದೋಷವೇನೆಂದು ಕೇಳುತ್ತಾರೆ. ಆದರೆ ಆ ದಿನ ನಿಜವಾಗಿ ಆಚರಿಸಲ್ಪಡುವುದು ಏನೆಂಬುದನ್ನು ಇಬ್ಬರೂ ವಿಚಾರಿಸುವುದಿಲ್ಲ.

ಲೋಕವ್ಯವಹಾರದಲ್ಲಿ ವಯಸ್ಸು ಏರುತ್ತದೆ ಎನ್ನುತ್ತಾರೆ. ಕರ್ಮಸಿದ್ಧಾಂತದ ದೃಷ್ಟಿ ಬೇರೆ. ಎಂಟು ಮೂಲಕರ್ಮಗಳಲ್ಲಿ ಆಯುಕರ್ಮವೂ ಒಂದು. ಜೀವನು ಹಿಂದಿನ ಭವದಲ್ಲಿ ಕಟ್ಟಿಕೊಂಡು ತಂದ ಆಯುಷ್ಯವು ಪ್ರತಿಸಮಯವೂ ಉದಯಕ್ಕೆ ಬಂದು ಸವೆಯುತ್ತಿರುತ್ತದೆ. ಹೀಗಿರುವಾಗ ಐವತ್ತು ಎಂಬುದು ವೆಚ್ಚವಾದುದರ ಸಂಖ್ಯೆ. ದೀಪಾವಳಿಯಂದು ಲೆಕ್ಕ ಮುಗಿಸುವ ವ್ಯಾಪಾರಿಯು ಅಂಗಡಿಯಲ್ಲಿ ಉಳಿದಿರುವ ಸರಕೆಷ್ಟೆಂದು ಮೊದಲು ನೋಡುತ್ತಾನೆ. ಆಯುಷ್ಯದ ಅಂಗಡಿಯಲ್ಲಿ ಮಾತ್ರ ಉಳಿದ ಸರಕು ಕಣ್ಣಿಗೆ ಕಾಣದು.

ಇಲ್ಲಿ ಇನ್ನೊಂದು ಗಂಭೀರವಾದ ಸಂಗತಿಯಿದೆ. ಶ್ರವಣಬೆಳಗೊಳದಲ್ಲಿ ಗೊಮ್ಮಟೇಶ್ವರ ಮೂರ್ತಿಯನ್ನು ನಿಲ್ಲಿಸಿದ ಚಾವುಂಡರಾಯನಿಗೆ ಗುರುಗಳಾಗಿದ್ದ ನೇಮಿಚಂದ್ರ ಸಿದ್ಧಾಂತ ಚಕ್ರವರ್ತಿಗಳು ಗೊಮ್ಮಟಸಾರದಲ್ಲಿ ಆಯುರ್ಬಂಧದ ಕಾಲವನ್ನು ವಿವರಿಸಿದ್ದಾರೆ. ಕರ್ಮಭೂಮಿಯ ಮನುಷ್ಯನು ಅನುಭವಿಸುತ್ತಿರುವ ಆಯುಷ್ಯದ ಮೂರು ಭಾಗಗಳಲ್ಲಿ ಎರಡು ಭಾಗ ಕಳೆದಾಗ ಮುಂದಿನ ಭವದ ಆಯುಷ್ಯವನ್ನು ಕಟ್ಟಿಕೊಳ್ಳುವ ಮೊದಲ ಅವಕಾಶ ಬರುತ್ತದೆ. ಆಗ ಬಂಧವಾಗದಿದ್ದರೆ ಉಳಿದ ಆಯುಷ್ಯದ ಎರಡು ಭಾಗ ಕಳೆದಾಗ ಮತ್ತೊಂದು ಅವಕಾಶ. ಹೀಗೆ ಒಟ್ಟು ಎಂಟು. ಇವುಗಳಿಗೆ ಅಪಕರ್ಷಕಾಲವೆಂದು ಹೆಸರು. ಎಂಟರಲ್ಲಿಯೂ ಆಗದಿದ್ದರೆ, ಅದೇ ಭವದಲ್ಲಿ ಮುಕ್ತನಾಗುವವನ ಹೊರತು ಉಳಿದವರಿಗೆ ಮರಣಕ್ಕೆ ತುಸು ಮುಂಚೆ ಬಂಧವು ಆಗಿಯೇ ತೀರುತ್ತದೆ.

ಈ ಲೆಕ್ಕವನ್ನು ಮನೆಯ ಯಜಮಾನನಿಗೆ ಅನ್ವಯಿಸಿ ನೋಡಬೇಕು. ಅವನ ಆಯುಷ್ಯ 75 ವರ್ಷವಾಗಿದ್ದರೆ ಮೊದಲ ಅಪಕರ್ಷಕಾಲ ಬರುವುದು ಸರಿಯಾಗಿ 50 ತುಂಬುವಾಗ. ಎರಡನೆಯದು 66 ವರ್ಷ 8 ತಿಂಗಳಿಗೆ. ಆಯುಷ್ಯ 60 ಆಗಿದ್ದರೆ ಮೊದಲನೆಯದು 40ರಲ್ಲಿಯೇ ಬಂದುಹೋಗಿದೆ. ಎರಡನೆಯದು 53 ವರ್ಷ 4 ತಿಂಗಳಿಗೆ ಕಾದಿದೆ. ತನ್ನ ಆಯುಷ್ಯವೆಷ್ಟೆಂದು ಅವನಿಗೆ ತಿಳಿಯದು. ಆದುದರಿಂದ ಕೇಕು ಕತ್ತರಿಸುವ ಆ ಸಂಜೆಯೇ ಅವನ ಮುಂದಿನ ಗತಿ ನಿರ್ಣಯವಾಗುವ ಕಾಲವಾಗಿರಬಹುದು. ಬಹಳ ಆರಂಭ ಪರಿಗ್ರಹಗಳಲ್ಲಿ ಮುಳುಗಿದ ಪರಿಣಾಮವು ನರಕಾಯುವಿಗೂ, ಮಾಯಾಚಾರವು ತಿರ್ಯಂಚಾಯುವಿಗೂ, ಅಲ್ಪಾರಂಭ ಅಲ್ಪಪರಿಗ್ರಹಗಳು ಮನುಷ್ಯಾಯುವಿಗೂ, ಸಂಯಮಾದಿಗಳು ದೇವಾಯುವಿಗೂ ಕಾರಣವೆಂದು ತತ್ತ್ವಾರ್ಥಸೂತ್ರವು ಬೋಧಿಸುತ್ತದೆ. ಆ ಸಂಜೆ ಅವನ ಮನಸ್ಸು ಯಾವುದರಲ್ಲಿ ನೆಲೆಸಿರುತ್ತದೆ?

ಮಗಧದ ಶ್ರೇಣಿಕ ಮಹಾರಾಜನ ವೃತ್ತಾಂತವನ್ನು ಅರಿಯದ ಜೈನನಿಲ್ಲ. ಧ್ಯಾನಸ್ಥ ಮುನಿಯ ಕೊರಳಿಗೆ ಸತ್ತ ಹಾವನ್ನು ಹಾಕಿದಾಗ ಅವನು ಏಳನೆಯ ನರಕದ 33 ಸಾಗರೋಪಮ ಆಯುಷ್ಯವನ್ನು ಕಟ್ಟಿಕೊಂಡನು. ಅನಂತರ ಸಮ್ಯಕ್ತ್ವ ಲಭಿಸಿತು. ಭಗವಾನ್ ಮಹಾವೀರರ ಸಮವಸರಣದಲ್ಲಿ ಮುಖ್ಯ ಶ್ರೋತೃವಾದನು. ಆಯುಷ್ಯವು ಮೊದಲ ನರಕದ 84 ಸಾವಿರ ವರ್ಷಗಳಿಗೆ ಇಳಿಯಿತು. ಆದರೆ ನರಕವು ತಪ್ಪಲಿಲ್ಲ. ಮಹಾವೀರರ ಸನ್ನಿಧಿಯಲ್ಲಿದ್ದರೂ ಒಂದು ಅಣುವ್ರತವನ್ನು ಸ್ವೀಕರಿಸುವುದೂ ಅವನಿಂದಾಗಲಿಲ್ಲ. ದೇವಾಯುವಿನ ಹೊರತು ಬೇರೆ ಆಯುಷ್ಯವನ್ನು ಕಟ್ಟಿಕೊಂಡವನಿಗೆ ಆ ಭವದಲ್ಲಿ ವ್ರತಗಳು ಲಭಿಸವೆಂಬುದು ಸಿದ್ಧಾಂತ. ವ್ರತವನ್ನು ನಾಳೆಗೆ ಇಡುವವನು ನಾಳೆಯನ್ನು ಮಾತ್ರವಲ್ಲ, ವ್ರತ ಹಿಡಿಯುವ ಯೋಗ್ಯತೆಯನ್ನೂ ಪಣಕ್ಕೊಡ್ಡುತ್ತಾನೆ.

ಹಾಗಾದರೆ ತೀರ್ಥಂಕರರ ಜನ್ಮಕಲ್ಯಾಣವನ್ನು ಆಚರಿಸುವುದೇಕೆ ಎಂದು ಕಿರಿಯರು ಕೇಳಬಹುದು. ಅದು ಕೊನೆಯ ಜನ್ಮವಾದುದರಿಂದ ಇಂದ್ರನೂ ಉತ್ಸವ ಮಾಡಿದನು. ಇನ್ನೂ ಒಂದು ವಿಶೇಷವಿದೆ. ಆದಿನಾಥರ ಜನ್ಮವೂ ದೀಕ್ಷೆಯೂ ಚೈತ್ರ ಕೃಷ್ಣ ನವಮಿಯಂದೇ ನಡೆದವು. ಕನ್ನಡ ನಾಡಿನ ಗಣನೆಯಲ್ಲಿ ಅದು ಫಾಲ್ಗುಣ ಬಹುಳ ನವಮಿ. ಪಾರ್ಶ್ವನಾಥರಿಗೂ ಜನ್ಮ ಮತ್ತು ದೀಕ್ಷೆಗಳ ತಿಥಿ ಒಂದೇ. ಆಸ್ಥಾನದಲ್ಲಿ ನರ್ತಿಸುತ್ತಿದ್ದ ನೀಲಾಂಜನೆಯ ಆಯುಷ್ಯವು ನೃತ್ಯದ ನಡುವೆ ತೀರಿದುದನ್ನು ಸಭೆಯಲ್ಲಿದ್ದವರು ಅರಿಯಲಿಲ್ಲ, ಆದಿನಾಥರು ಅರಿತರು. ಹುಟ್ಟಿದ ತಿಥಿಯು ಅವರಿಗೆ ತ್ಯಾಗದ ತಿಥಿಯಾಯಿತು.

ಗೃಹಸ್ಥನು ಮುನಿಯಂತೆ ಎಲ್ಲವನ್ನೂ ಬಿಡಲಾರನು. ಮಕ್ಕಳ ಪ್ರೀತಿಯನ್ನು ಕಟುವಾಗಿ ತಳ್ಳಿಹಾಕುವುದೂ ಧರ್ಮವಲ್ಲ. ತಂದೆಗಾಗಿ ಹಣ ಕೂಡಿಸಿದ ಮಗಳ ಮನಸ್ಸನ್ನು ನೋಯಿಸಿ ತನ್ನ ವೈರಾಗ್ಯವನ್ನು ಮೆರೆಯುವವನಲ್ಲಿ ಮಾನಕಷಾಯವೇ ಇರುತ್ತದೆ. ಆ ಪ್ರೀತಿಯನ್ನು ಸ್ವೀಕರಿಸಿ, ಅದರ ದಾರಿಯನ್ನು ತಿರುಗಿಸುವುದು ವಿವೇಕ. ಭೋಜನವು ಸೂರ್ಯಾಸ್ತಕ್ಕೆ ಮುಂಚೆ ಮುಗಿಯಲಿ. ಮೊಟ್ಟೆ ಬೆರೆತ ಕೇಕಿಗೆ ಬದಲಾಗಿ ಮನೆಯ ಹೋಳಿಗೆಯಾಗಲಿ. ಬತ್ತಿಯನ್ನು ಊದಿ ಆರಿಸುವ ಬದಲು ಬೆಳಗ್ಗೆ ಬಸದಿಯಲ್ಲಿ ಎಲ್ಲರೂ ಕೂಡಿ ಅಭಿಷೇಕವನ್ನು ನೋಡಲಿ. ಸಭಾಭವನಕ್ಕೆ ತೆರಬೇಕಾಗಿದ್ದ ಹಣವು ಆಹಾರದಾನ, ಔಷಧದಾನ, ಶಾಸ್ತ್ರದಾನಗಳಿಗೆ ಸಲ್ಲಲಿ.

ಎಲ್ಲಕ್ಕೂ ಮುಖ್ಯವಾಗಿ ಆ ದಿನ ಒಂದು ವ್ರತವು ಮನೆಗೆ ಬರಲಿ. ಅಷ್ಟಮಿ ಚತುರ್ದಶಿಗಳಂದು ಒಪ್ಪೊತ್ತು, ಆಜೀವ ರಾತ್ರಿಭೋಜನತ್ಯಾಗ, ಮನೆ, ಹೊಲ, ಒಡವೆ, ಹಣಗಳಿಗೆ ಮಿತಿ ಹಾಕುವ ಪರಿಗ್ರಹಪರಿಮಾಣ, ಇವುಗಳಲ್ಲಿ ಒಂದನ್ನಾದರೂ ಹೆಂಡತಿ ಮಕ್ಕಳ ಎದುರಿಗೆ ಕೈಕೊಳ್ಳಲಿ. ತ್ಯಾಗವನ್ನೂ ತಪಸ್ಸನ್ನೂ ಶಕ್ತಿಗೆ ತಕ್ಕಂತೆ ಮಾಡಬೇಕೆಂದು ಷೋಡಶಭಾವನೆಗಳು ಹೇಳುತ್ತವೆ. ಶಕ್ತಿಯನ್ನು ಮೀರಲೂ ಬಾರದು, ಬಚ್ಚಿಡಲೂ ಬಾರದು. ಔಷಧಸೇವನೆಯಲ್ಲಿರುವವನು ಉಪವಾಸದ ಬದಲು ರಸತ್ಯಾಗವನ್ನೋ ಸ್ವಾಧ್ಯಾಯದ ನಿಯಮವನ್ನೋ ಹಿಡಿಯಬಹುದು.

ಐವತ್ತರ ಯೋಗ್ಯತೆ ಇರುವುದು ಇಲ್ಲಿಯೇ. ಹಲ್ಲು ಬಿದ್ದ ಮೇಲೆ ಕಡಲೆಯನ್ನು ಬಿಡುವುದು, ಮಧುಮೇಹ ಬಂದ ಮೇಲೆ ಸಿಹಿಯನ್ನು ಬಿಡುವುದು ತ್ಯಾಗವಲ್ಲ. ಅಲ್ಲಿ ವಸ್ತುವೇ ಮನುಷ್ಯನನ್ನು ಬಿಟ್ಟಿದೆ. ಐವತ್ತರಲ್ಲಿ ದೇಹಕ್ಕೆ ಬಲವಿದೆ, ಸಂಪಾದನೆಯಿದೆ, ಆಸೆಯೂ ಇದೆ. ಆಗ ಬಿಡುವುದನ್ನು ಕಲಿತವನಿಗೆ ಅಂತ್ಯಕಾಲದ ಸಲ್ಲೇಖನೆಯು ಅಪರಿಚಿತವಾಗದು. ಮಕ್ಕಳು ಮುಂದೆ ತಂದೆಯ ಐವತ್ತನೆಯ ವರ್ಷವನ್ನು ನೆನೆದಾಗ, ಅಂದಿನಿಂದ ನಮ್ಮ ಮನೆಯಲ್ಲಿ ರಾತ್ರಿ ಒಲೆ ಹೊತ್ತಲಿಲ್ಲ ಎಂದು ಹೇಳುವಂತಾದರೆ ಆ ಜನ್ಮದಿನವು ಸಾರ್ಥಕವಾಯಿತು.