ಫಕ್ಕೀರಪ್ಪ ಅನ್ನೋ ಹೆಸರು

ಗರಗದಲ್ಲಿ ನಿಂತು ‘ಮಡಿವಾಳಪ್ಪ’ ಅಂತ ಕೂಗಿದ್ರೆ ನಾಲ್ಕು ಜನ ತಿರುಗಿ ನೋಡ್ತಾರೆ. ಮಡಿವಾಳಜ್ಜನ ಮಠದ ಊರು ಅದು. ನಮ್ಮಪ್ಪ ಮಾತ್ರ ಫಕ್ಕೀರಪ್ಪ. ಧಾರವಾಡ, ಗದಗ, ಹಾವೇರಿ ಕಡೆಯವರಿಗೆ ಇದರಲ್ಲಿ ವಿಶೇಷ ಏನಿಲ್ಲ, ಬೆಂಗಳೂರಿಗೆ ಬಂದಮೇಲೇ ಇದು ವಿಶೇಷ ಆಗೋದು.

ಅಜ್ಜಿಗೆ ಮೊದಲ ಎರಡು ಕೂಸು ಉಳಿದಿರಲಿಲ್ಲ. ಮೂರನೆಯದು ಬದುಕಿದರೆ ಮೊಹರಮ್‌ನಲ್ಲಿ ಫಕೀರ ಮಾಡಿಸ್ತೀನಿ ಅಂತ ಹರಕೆ ಹೊತ್ತಳು. ಸಾವಿನ ಕಣ್ಣು ಬೀಳಬಾರದು ಅಂತ ತಿಪ್ಪಣ್ಣ, ತಿಪ್ಪವ್ವ ಅಂತ ಹೆಸರಿಡ್ತಿದ್ದ ಕಾಲ. ಫಕೀರನ ಹತ್ತಿರ ಕಸಿಯೋಕೆ ಏನಿರುತ್ತೆ ಅನ್ನೋ ಲೆಕ್ಕಾಚಾರವೂ ಇದ್ದೀತು.

ಅರಬ್ಬಿಯಲ್ಲಿ ಫಕೀರ್ ಅಂದರೆ ಬಡವ. ಹಳೇ ನಿಘಂಟುಕಾರರು ಅದನ್ನು ಬೆನ್ನುಮೂಳೆಯ ಪದಕ್ಕೆ ಜೋಡಿಸಿ, ಬೆನ್ನು ಮುರಿದವನು ಅಂತ ಬಿಡಿಸಿದ್ದೂ ಉಂಟು. ಸೂಫಿಗಳು ಅದೇ ಪದವನ್ನು ಮೇಲಕ್ಕೆತ್ತಿದರು: ದೇವರ ಮುಂದೆ ‘ನನ್ನದು’ ಅನ್ನೋಕೆ ಏನೂ ಇಲ್ಲದವನು. ಟರ್ಕಿಯಲ್ಲಿ ಹಳ್ಳಿ ಬಡವರ ಕಾದಂಬರಿ ಬರೆದವನ ಹೆಸರೂ ಫಕೀರ್ ಬೈಕುರ್ಟ್ (1929–1999). ನಮ್ಮಲ್ಲಿ ಅದಕ್ಕೆ ‘ಅಪ್ಪ’ ಸೇರಿತು. ಶಿರಹಟ್ಟಿಯ ಫಕ್ಕೀರೇಶ್ವರ ಮಠದ ಸ್ವಾಮಿಗಳು ಇವತ್ತಿಗೂ ‘ಫಕೀರ’ ಅಂತಲೇ ಹೆಸರು ಶುರುಮಾಡ್ತಾರೆ. ಹಿಂದೂ, ಮುಸ್ಲಿಂ ಇಬ್ಬರೂ ನಡೆದುಕೊಳ್ಳೋ ಮಠ. ಅಂದಹಾಗೆ, ನಮ್ಮ ವಿಳಾಸದಲ್ಲಿರೋ ತಾಲ್ಲೂಕು, ಜಿಲ್ಲೆ ಎರಡೂ ಅರಬ್ಬಿ ಮೂಲದವೇ. ಅವನ್ನು ಯಾರೂ ‘ನೀವು ಯಾವ ಜನ?’ ಅಂತ ಕೇಳಲ್ಲ.

ನನ್ನನ್ನು ಕೇಳಿದರು. ಬಾಡಿಗೆ ಮನೆ, ಅಡ್ವಾನ್ಸ್ ಮಾತೆಲ್ಲ ಮುಗಿದಿತ್ತು. ಆಧಾರ್‌ನಲ್ಲಿ ಅಪ್ಪನ ಹೆಸರು ನೋಡಿದ ಮಾಲೀಕರ ದನಿ ಬದಲಾಯ್ತು. ‘ನಮ್ಮಪ್ಪನ ಹೆಸರು’ ಅಂದೆ, ಅಷ್ಟೇ. ಮನೆ ಸಿಗಲಿಲ್ಲ. ‘ಇಲ್ಲ ಸಾರ್, ನಾವು ಹಿಂದೂಗಳು’ ಅಂದಿದ್ರೆ ಕೀಲಿ ಕೈಗೆ ಬರ್ತಿತ್ತು. ಆದರೆ ಆ ಒಂದು ವಾಕ್ಯದೊಳಗೆ ‘ಅವರಿಗೆ ಕೊಡದಿದ್ರೆ ಪರವಾಗಿಲ್ಲ’ ಅನ್ನೋದೂ ಸೇರಿರುತ್ತೆ. ನನ್ನದು ಒಂದು ದಿನದ ತಾಪತ್ರಯ. ನಿಜಕ್ಕೂ ಮುಸ್ಲಿಂ ಆಗಿರೋ ನನ್ನ ಸಹೋದ್ಯೋಗಿ ಮನೆ ಹುಡುಕುವಾಗ ಆ ವಾಕ್ಯದ ಸೌಲಭ್ಯವೇ ಇಲ್ಲ.

ಅಪ್ಪ ತೀರಿಕೊಂಡು ವರ್ಷವಾಯ್ತು. ಈಗ ಅಣ್ಣನಿಗೆ ಗಂಡುಮಗು. ಅಜ್ಜನ ಹೆಸರು ಮೊಮ್ಮಗನಿಗೆ ಅನ್ನೋದು ನಮ್ಮಲ್ಲಿ ರೂಢಿ, ಕಿವಿಯಲ್ಲಿ ‘ಕುರ್ರ್’ ಅನ್ನಬೇಕಾದ ಸೋದರತ್ತೆ ನಾನು. ವೈನಿಗೆ ‘ಅದ್ವಿಕ್’ ಇಷ್ಟ. ಅರ್ಥ ಕೇಳಿದ್ರೆ ‘ಯುನೀಕ್’ ಅಂದ್ರು. ಅವರ ಅಪಾರ್ಟ್‌ಮೆಂಟಿನಲ್ಲೇ ಇಬ್ಬರು ಅದ್ವಿಕ್ ಇದ್ದಾರೆ.

‘ಇಟ್ಟರ ದೊಡ್ಡಾಂವ ಆದಮ್ಯಾಲ ಬೈತಾನೇನವಾ?’ ಅಂತಾನೆ ಅಣ್ಣ. ದಾಖಲೆಗೆ ಅದ್ವಿಕ್, ಮನೆಯಲ್ಲಿ ಕರೆಯೋಕೆ ಫಕ್ಕೀರಪ್ಪ ಅನ್ನೋದು ಅವನ ಉಪಾಯ. ನನಗೆ ಒಪ್ಪಿಗೆಯಿಲ್ಲ. ಬಾಗಿಲು ಹಾಕಿಕೊಂಡು ಕರೆಯೋ ಹೆಸರು ಅಂದ್ರೆ ಆ ಮಾಲೀಕರಿಗೆ ನಾವೇ ಹೂಂಗುಟ್ಟಿದ ಹಾಗೆ. ಬೆನ್ನುಮೂಳೆಯ ಕಥೆ, ಅಜ್ಜಿಯ ಹರಕೆ ಎಲ್ಲಾ ಹೇಳಿದೆ. ವೈನಿ ಪೂರ್ತಿ ಕೇಳಿಸಿಕೊಂಡರು.

‘ಖರೇ ಐತ್ರಿ. ನಿಮಗ ಒಂದ ಮನಿ ಹೋತು, ನೀವು ಗಟ್ಟಿ ಅದೀರಿ, ತಡಕೊಂಡ್ರಿ. ಈ ಕೂಸಿಗೆ ಎಷ್ಟು ಹೋಗ್ತಾವ? ಅದನ್ನ ನಾವ್ಯಾಕ ಹೊರಸಬೇಕು?’

ಅದಕ್ಕೆ ನನ್ನ ಹತ್ತಿರ ಉತ್ತರ ಸಿದ್ಧವಿಲ್ಲ. ಜನನ ಪ್ರಮಾಣಪತ್ರದ ಅರ್ಜಿಯಲ್ಲಿ ಹೆಸರಿನ ಜಾಗ ಇನ್ನೂ ಖಾಲಿ ಇದೆ.